ನಲ್ಲಿಯೇ ನಾಯಕನಾದ ಸಿನಿಮಾ

ನನ್ನ ಮೈದುನನಷ್ಟು ದೊಡ್ಡ ಸಿನಿಮಾ ನಿರ್ದೇಶಕ ಇಡೀ ಜಯನಗರದಲ್ಲಿ ಇನ್ನೊಬ್ಬನಿರಲಿಲ್ಲ. ಇರಲು ಆಗ ಜಯನಗರದಲ್ಲಿ ಮನೆಗಳಾದರೂ ಎಷ್ಟಿದ್ದವು ಹೇಳಿ! ಅವನ ಚಿತ್ರಕ್ಕೆ ನಮ್ಮ ಹಿತ್ತಲಿನ ನಲ್ಲಿಯೇ ನಾಯಕ, ಒಗ್ಗರಣೆ ಸೌಟೇ ನಾಯಕಿ.

ಅವನಿಗೆ ಯಾರೂ ಇಲ್ಲದ ಕಡೆ ದನಿಗಳು ಕೇಳುತ್ತಿದ್ದವು. ಡಾಕ್ಟರು ‘ಸ್ಕಿಜೋಫ್ರೇನಿಯಾ’ ಎಂದು ಮಾತ್ರೆ ಕೊಟ್ಟರು. ಕಾನ್ವೆಂಟಿನಲ್ಲಿ ಓದಿದ ನನಗೆ ಸ್ಪೆಲ್ಲಿಂಗ್ ಬಂತು, ಅರ್ಥವಾಗಲಿಲ್ಲ. ಅತ್ತೆಗೆ ಎರಡೂ ಬೇಕಿರಲಿಲ್ಲ. ಊಟದ ನಡುವೆ ಅವನು ತುತ್ತು ಹಿಡಿದು ಕಲ್ಲಾಗಿ ಕೂತರೆ, “ಯಾರೂ ಮಾತಾಡ್ತಿಲ್ಲ ಕಣೋ, ಎಲ್ಲಾ ಸೋಮಾರಿತನ. ಸುಮ್ನೆ ಊಟ ಮಾಡು” ಎನ್ನುತ್ತಿದ್ದರು.

“ಅತ್ತಿಗೆ, ಅಮ್ಮನಿಗೆ ಹೇಳಿದ್ರೆ ಆಗಲ್ಲ. ತೋರಿಸ್ಬೇಕು” ಎಂದು ಮೈದುನ ಗೆಳೆಯನಿಂದ ಕೀ ಕೊಟ್ಟು ಓಡಿಸುವ ಸಿನಿಮಾ ಕ್ಯಾಮೆರಾ ತಂದ. ದಿನಗಟ್ಟಲೆ ನಲ್ಲಿಯ ಮುಂದೆ ಕುಕ್ಕರಗಾಲಲ್ಲಿ ಕೂತ. ನಾನು ಬಿಂದಿಗೆ ಹಿಡಿದು ಹೋದರೆ, “ಅಯ್ಯೋ, ಶಾಟ್‌ನಲ್ಲಿ ಬಂದ್ರಲ್ಲ ಅತ್ತಿಗೆ!” ನಮ್ಮೆಜಮಾನರು ಸ್ನಾನವಿಲ್ಲದೆ ಆಫೀಸಿಗೆ ಹೋದರು! ಸೌಟನ್ನು ತಲೆಕೆಳಗಾಗಿ, ಬಾಗಿಲನ್ನು ಓರೆಯಾಗಿ ತೆಗೆದ. ನನ್ನ ಜಡೆ ಹಾವಾಯಿತು.

ಪರದೆಗೆಂದು ಅವನ ಕಣ್ಣು ಬಿದ್ದದ್ದು ಮಡಿಗೆ ಒಣಹಾಕಿದ್ದ ಮಾವನವರ ಪೂಜೆಯ ಪಂಚೆಯ ಮೇಲೆ.

“ಮುಟ್ಟಿದ್ರೆ ನೋಡು, ಮನೆಗೇ ಸೇರ್ಸಲ್ಲ!” ಎಂದರು ಅತ್ತೆ.

“ಬೇರೆ ಯಾವ್ದೂ ಅಷ್ಟು ಬೆಳ್ಳಗಿಲ್ಲಮ್ಮ.”

ಕೊನೆಗೆ ತೇಪೆ ಹಾಕಿದ ಹೊದಿಕೆಯೇ ಗತಿಯಾಯಿತು.

ಭಾನುವಾರ ಮಧ್ಯಾಹ್ನ ಗೆಳೆಯನ ಪ್ರೊಜೆಕ್ಟರೂ ಬಂತು, ಕಿಟಕಿಗಳಿಗೆ ಕಂಬಳಿ ಕಟ್ಟಿದೆವು. ಚಿತ್ರಕ್ಕೆ ಶಬ್ದವಿಲ್ಲ, ಶಬ್ದ ನಾವು! ಅತ್ತೆಯನ್ನು ಕುರ್ಚಿಯಲ್ಲಿ ಕೂರಿಸಿ, ಹಿಂದಿನಿಂದ ನಾನೊಂದು ಕಿವಿಗೆ, ನಮ್ಮೆಜಮಾನರೊಂದು ಕಿವಿಗೆ, ಅವನು ಹೇಳಿಕೊಟ್ಟದ್ದನ್ನು ಪಿಸುಗುಟ್ಟಬೇಕು.

“ಸಾರಿಗೆ ಏನೋ ಹಾಕಿದ್ದಾರೆ.”

“ಎಲ್ರೂ ನಿನ್ನ ನೋಡಿ ನಗ್ತಿದ್ದಾರೆ.”

“ಏಳು. ಏಳ್ಬೇಡ. ಏಳು.”

ನಲ್ಲಿ ತೊಟ್ಟಿಕ್ಕಿತು, ಬಾಗಿಲು ಓಲಾಡಿತು. ಆಮೇಲೆ ಪರದೆಯ ತುಂಬ ಅತ್ತೆಯದೇ ಮುಖ! ತುಟಿ ಅಲ್ಲಾಡುತ್ತಿದೆ, ಮಾತು ಮಾತ್ರ ಕೇಳದು. ನಮ್ಮ ಪಿಸುಮಾತು ನಿಲ್ಲಲಿಲ್ಲ.

“ಅಲ್ಲಿ ನಾನೇನೋ ಹೇಳ್ತಿದೀನಿ, ಕೇಳಿಸ್ತಾನೇ ಇಲ್ವಲ್ಲೋ! ಸುಮ್ನಿರ್ರೋ ಎಲ್ಲಾ!” ಅತ್ತೆ ಕಿವಿ ಮುಚ್ಚಿಕೊಂಡರು.

“ಊಟಕ್ಕೆ ಕರೀತಿದ್ದೀಯಮ್ಮ,” ಎಂದ ಮೈದುನ ಮೆಲ್ಲಗೆ. “ನನಗೂ ಕೇಳಿಸ್ತಿರ್ಲಿಲ್ಲ.”

ಅತ್ತೆ ಕಂಬಳಿ ಬಿಚ್ಚುವ ನೆಪದಲ್ಲಿ ಕಿಟಕಿಯತ್ತ ತಿರುಗಿದರು.

ಮರುದಿನ ಊಟಕ್ಕೆ ಕೂತಾಗ ಅವನು ಮತ್ತೆ ಕಲ್ಲಾದ. ನಾನು ಬೈಗುಳಕ್ಕೆ ಕಾದೆ. ಅತ್ತೆ ಅವನ ಪಕ್ಕದಲ್ಲೇ ನೆಲಕ್ಕೆ ಕೂತರು. “ಅವರ ಗಲಾಟೆ ಮುಗೀಲಿ ಬಿಡು. ಸಾರು ಆರಿದ್ರೆ ಬಿಸಿ ಮಾಡ್ತೀನಿ.”

ಸಾರು ಆರಿತು, ಬಿಸಿಯೂ ಆಯಿತು. ಅವನು ಅಮ್ಮನನ್ನು ನೋಡಿ, ತುತ್ತು ಬಾಯಿಗಿಟ್ಟ.

ಅತ್ತೆ ಎದ್ದು ಹೋಗಿ, ಕೋಲಿನಿಂದ ಆ ಮಡಿ ಪಂಚೆಯನ್ನು ಇಳಿಸಿ ತಂದು ಅವನ ತೊಡೆಯ ಮೇಲೆ ಹಾಕಿದರು.

“ತಗೋ. ಆ ತೇಪೆ ಹೊದಿಕೆ ಮೇಲೆ ನನ್ನ ಮುಖ ಚೆನ್ನಾಗಿ ಬಂದಿರ್ಲಿಲ್ಲ.”