ಶಂಕ್ರವ್ವನ ಮಗ್ಗದ ಕುಣಿಯಲ್ಲಿ ಹುಟ್ಟಿದ ಹೊಳೆ

ಮಲಪ್ರಭಾ ನದಿಯು ಗಜೇಂದ್ರಗಡದ ನೇಕಾರ ಹೆಂಗಸು ಶಂಕ್ರವ್ವನ ಮಗ್ಗದ ಕುಣಿಯಲ್ಲಿ ಹುಟ್ಟುತ್ತದೆ ಎಂಬುದು ಐವತ್ತೇಳನೆಯ ಇಸವಿಯ ಮುಂಗಾರಿನಲ್ಲಿ ಅಧಿಕೃತವಾಗಿ ಇತ್ಯರ್ಥವಾಯಿತು. ಅದಕ್ಕೂ ಮೊದಲು ಈ ನದಿ ಪಶ್ಚಿಮದ ಘಟ್ಟದಲ್ಲಿ ಹುಟ್ಟುತ್ತಿತ್ತು.

ಹೊಸ ರಾಜ್ಯದಲ್ಲಿ ಪ್ರತಿಯೊಂದು ನದಿಗೂ ಒಂದು ಮೂಲ ಇರತಕ್ಕದ್ದೆಂದು ಹೊಳೆಮೂಲ ನಿರ್ಣಯ ಕಚೇರಿ ತೆರೆದಿತ್ತು. ರೋಣ ತಾಲೂಕಿಗೆ ನೇಮಕವಾದವರು ಪ್ರಭುಲಿಂಗಪ್ಪ ಸಾಹೇಬರು. ಅವರು ತಾಲೂಕಿನ ಹದ್ದು ದಾಟುವಂತಿರಲಿಲ್ಲ, ಮೂಲ ಹುಡುಕದೆ ಸುಮ್ಮನಿರುವಂತೆಯೂ ಇರಲಿಲ್ಲ. ಪಾಪ, ಮುಶಿಗೇರಿಯ ಹೊಲಗಳನ್ನೆಲ್ಲ ತುಳಿದು, ಬೂಟಿನ ತುಂಬ ಮಣ್ಣು ಮೆತ್ತಿಕೊಂಡು, ಕುಡಿಯಲು ನೀರು ಕೇಳಲೆಂದು ಶಂಕ್ರವ್ವನ ಮನೆ ಹೊಕ್ಕರು.

ಶಂಕ್ರವ್ವ ಕುಣಿಯಲ್ಲಿ ಕಾಲು ಇಳಿಬಿಟ್ಟು ಕೂತು ಮಗಳು ಅನ್ನವ್ವನ ಮದುವೆಯ ಸೀರೆ ನೇಯುತ್ತಿದ್ದಳು. ಕಂಡವರ ಮಕ್ಕಳಿಗೆಲ್ಲ ಸೀರೆ ನೇಯ್ದ ಕೈ ಅದು. ತನ್ನ ಮಗಳನ್ನು ತಾನು ನೇಯ್ದ ಸೀರೆ ಉಡಿಸಿಯೇ ಕಳಿಸಬೇಕೆಂಬುದು ಆಕೆಯ ಒಂದೇ ಆಸೆ. ಸಾಹೇಬರನ್ನು ಕಂಡು ಗಡಬಡಿಸಿ ಏಳುವಾಗ ಪಕ್ಕದ ಕೊಡ ಉರುಳಿ ನೀರೆಲ್ಲ ಕುಣಿಗೆ ಇಳಿಯಿತು. ಸಾಹೇಬರು ಬಗ್ಗಿ ನೋಡಿದರು. ಅವರ ಬಾಯಾರಿಕೆ ಅಲ್ಲಿಗೇ ಹೋಯಿತು.

"ಅದು ನಮ್ಮ ಕೊಡದ ನೀರ್ರಿ ಸಾಹೇಬ್ರ. ಹೊಳಿ ಹುಟ್ಟೂದು ಘಟ್ಟದಾಗಂತ."

"ಇರಬಹುದವ್ವಾ. ಆದ್ರ ಘಟ್ಟ ನನ್ನ ಹದ್ದಿನಾಗ ಬರೂದಿಲ್ಲ. ನಿನ್ನ ಕುಣಿ ಬರತೈತಿ."

ಮರುದಿನ ಡಂಗುರ ಸಾರಲಾಯಿತು: "ಸದರಿ ಕುಣಿಯ ಆಚೆ ಈಚೆಗಳನ್ನು ನದಿಯ ಎರಡು ದಂಡೆಗಳೆಂದೂ ನಡುವಿನದನ್ನು ಪಾತ್ರವೆಂದೂ ತಿಳಿಯತಕ್ಕದ್ದು. ನೀರು ಇರಲಿ, ಇಲ್ಲದಿರಲಿ, ಪಾತ್ರದಲ್ಲಿ ಯಾರೂ ಕಾಲಿಡತಕ್ಕದ್ದಲ್ಲ."

ನೀರು ಹಿಂದಿನ ಸಂಜೆಯೇ ಇಂಗಿಹೋಗಿತ್ತು, ಆದರೆ ಆಜ್ಞೆ ಇಂಗಲಿಲ್ಲ. ಕುಣಿಯಲ್ಲಿ ಕಾಲಿಡದೆ ಮಗ್ಗ ತುಳಿಯುವುದು ಹೇಗೆ? ಸೆರಗು ಅರ್ಧಕ್ಕೇ ನಿಂತಿತು. ಮದುವೆಯ ದಿನ ಹತ್ತಿರ ಬಂತು. ಶಂಕ್ರವ್ವ ರೋಣದ ಕಚೇರಿಗೆ ಚಪ್ಪಲಿ ಸವೆಯುವಷ್ಟು ಅಲೆದಳು.

ಸಾಹೇಬರೇನು ಕಲ್ಲೆದೆಯವರಲ್ಲ. ನಿಯಮಗಳನ್ನೆಲ್ಲ ತಿರುವಿ ಹಾಕಿ, ನದಿಯಲ್ಲಿ ದೋಣಿಗೆ ಅಡ್ಡಿಯಿಲ್ಲವೆಂದು ಕಂಡುಹಿಡಿದರು. ಲಾಳಿಯು ನೂಲನ್ನು ಈ ದಂಡೆಯಿಂದ ಆ ದಂಡೆಗೆ ಸಾಗಿಸುವುದರಿಂದ ಮಗ್ಗವೂ ಒಂದು ದೋಣಿಯೇ ಎಂದು ಒಪ್ಪಿ, ಶಂಕ್ರವ್ವನನ್ನು ಅಂಬಿಗಿತ್ತಿಯೆಂದು ನೇಮಿಸಿದರು. ಆಕೆ ಕೈಮುಗಿದು ಬಂದು ಮತ್ತೆ ದೋಣಿ ಹತ್ತಿದಳು.

ಸೀರೆ ಇನ್ನೊಂದು ಗೇಣು ಉಳಿದಿತ್ತು. ಅಷ್ಟರಲ್ಲಿ ಘಟ್ಟದ ಕಡೆ ಮಳೆ ಹಿಡಿದು, ತಾಲೂಕಿನ ಆ ತುದಿಯಲ್ಲಿ ಮಲಪ್ರಭೆ ದಂಡೆ ಮೀರಿ ಹರಿದಳು. ಪ್ರವಾಹ ಇಳಿಯುವವರೆಗೆ ದೋಣಿಗಳೆಲ್ಲ ಬಂದ್ ಎಂದು ಹುಕುಂ ಬಂತು. ಸಿಪಾಯಿ ಬಂದು ಮಗ್ಗಕ್ಕೆ ಅದನ್ನು ಅಂಟಿಸಿ, ಕುಣಿಯಲ್ಲಿ ಮಲಗಿದ್ದ ಬೆಕ್ಕನ್ನು ನೆರೆಯಲ್ಲಿ ಸಿಕ್ಕಿಬಿದ್ದಿದೆಯೆಂದು ಎತ್ತಿ ಹೊರಗೆ ಬಿಟ್ಟುಹೋದ.

ಮದುವೆಯ ದಿನ ಚಿಕ್ಕನರಗುಂದದ ಬೀಗರು ಬಂದು ಪಡಸಾಲೆಯಲ್ಲಿ ಕೂತರು. ಮದುಮಗಳು ಒಳಗಿದ್ದಳು. ನಡುವೆ ಮಗ್ಗದ ಕುಣಿ. ಮುಹೂರ್ತ ಮೀರುತ್ತದೆಂದು ಮದುಮಗ ಅದನ್ನು ದಾಟಲು ಕಾಲೆತ್ತಿದ. ಅವನ ತಂದೆ ಅಂದಾನಪ್ಪ ಗಪ್ಪನೆ ರಟ್ಟೆ ಹಿಡಿದು ಎಳೆದ.

"ಹುಚ್ಚಗಿಚ್ಚ ಹಿಡದೈತೇನಲೇ? ತುಂಬಿದ ಹೊಳಿ ದಾಟತಾರೇನು?"

ಹಿರಿಯರೆಲ್ಲ ಹೌದೆಂದರು. ಹೊಳೆ ಇಳಿದ ಮೇಲೆ ಅಕ್ಕಿಕಾಳು ಹಾಕುವುದೆಂದು ನಿಶ್ಚಯವಾಯಿತು. ಕುಣಿ ಒಣಗಿದೆಯೆಂದು ಕೂಗಿ ಹೇಳಲು ಶಂಕ್ರವ್ವ ಬಾಯಿ ತೆರೆದಳು. ಆಗ ಆಕೆಯ ಕಣ್ಣು ಮಗ್ಗದ ಮೇಲೆ ಉಳಿದಿದ್ದ ಆ ಗೇಣು ಸೀರೆಯ ಮೇಲೆ ಬಿತ್ತು. ಹೊಳೆ ಇಳಿದರೆ ಮೊದಲು ದೋಣಿ ಬಿಡುತ್ತಾರೆ, ಮದುವೆ ಆಮೇಲೆ; ಅಷ್ಟರಲ್ಲಿ ಸೀರೆ ಮುಗಿಯುತ್ತದೆ. ಎಷ್ಟೋ ದಿನಗಳ ಮೇಲೆ ಆಕೆಯ ಜೀವಕ್ಕೆ ಸಮಾಧಾನವಾಯಿತು.

"ಬೀಗರ, ಚೂರು ಹಿಂದ ಸರದು ಕುಂದರ್ರಿ," ಎಂದಳು. "ದಂಡಿ ಭಾಳ ಜಾರತೈತಿ."

ಬೀಗರು ಚಾಪೆ ಹಿಂದಕ್ಕೆ ಎಳೆದುಕೊಂಡು ಕೂತರು.