ಮಂಚದ ಮೇಲೆ ಮಲಗಿ ಕಲಿತ ಕನ್ನಡ

ನಾನು ಯಾರಿಗಾದರೂ ಏನನ್ನಾದರೂ ಕಲಿಸಲು ಹೊರಟರೆ, ಅವರು ಅದನ್ನು ಬೇರೆ ಯಾರಿಂದಲೋ ಕಲಿತುಬಿಡುತ್ತಾರೆ. ಒಮ್ಮೆ ಹೀಗಾದರೆ ಆಕಸ್ಮಿಕ ಎನ್ನಬಹುದಿತ್ತು. ಸಿರುಗುಪ್ಪದ ಪ್ರೌಢಶಾಲೆಯಲ್ಲಿ ಮೂವತ್ತೆರಡು ವರ್ಷ ಇಂಗ್ಲಿಷ್ ಮಾಸ್ತರನಾಗಿದ್ದವನಿಗೆ ಹಾಗೆ ಹೇಳಿಕೊಳ್ಳುವ ಅನುಕೂಲವಿಲ್ಲ. ಈಗ ನಿವೃತ್ತನಾಗಿ ಬಳ್ಳಾರಿಯ ಪಾರ್ವತಿನಗರದಲ್ಲಿದ್ದೇನೆ. ಭಾಷೆ ಮನುಷ್ಯನ ತಲೆಯೊಳಕ್ಕೆ ಯಾವ ದಾರಿಯಿಂದ ಹೋಗುತ್ತದೆ ಎಂದು ಬೆರಗಾಗಿ ಕೂರುವುದೇ ಸದ್ಯದ ಉದ್ಯೋಗ. ನನ್ನ ದಾರಿಯಿಂದ ಅದು ಹೋಗಿಲ್ಲ ಎಂಬುದಷ್ಟೇ ಖಚಿತ.

ಕೊಯ್ಲಿನ ಯಂತ್ರದ ಮೇಲೊಬ್ಬ ಪಂಡಿತ

ಕಳೆದ ಸುಗ್ಗಿಯಲ್ಲಿ ಸಿರುಗುಪ್ಪಕ್ಕೆ ಹೋಗಿದ್ದೆ. ಪಂಜಾಬಿನಿಂದ ಬಂದ ಭತ್ತ ಕೊಯ್ಯುವ ಯಂತ್ರವೊಂದು ರಸ್ತೆ ಪಕ್ಕ ನಿಂತಿತ್ತು. ಪೇಟ ಸುತ್ತಿದ ಡ್ರೈವರನ ಜೊತೆ ನಮ್ಮ ಕಡೆಯವನೊಬ್ಬ ಪಂಜಾಬಿಯಲ್ಲಿ ಜಗಳವಾಡುತ್ತಿದ್ದ. ಸಣ್ಣಪುಟ್ಟ ಜಗಳವಲ್ಲ. ಮಧ್ಯೆ ಡ್ರೈವರ್ ನಕ್ಕ, ಇವನೂ ನಕ್ಕ, ಮತ್ತೆ ಜಗಳ ಮುಂದುವರಿಯಿತು. ಪರಭಾಷೆಯಲ್ಲಿ ಜಗಳದ ನಡುವೆ ನಗಿಸುವುದೆಂದರೆ ಪಾಂಡಿತ್ಯವೇ ಸರಿ. ನಾನು ಕೈಕಟ್ಟಿ ನಿಂತು ಕೇಳಿದೆ.

ಆತ ನನ್ನನ್ನು ನೋಡಿ ಓಡಿ ಬಂದು ನಮಸ್ಕಾರ ಮಾಡಿದ. ನೋಡಿದರೆ ನನ್ನ ಶಿಷ್ಯನೇ. ಇಂಗ್ಲಿಷಿನಲ್ಲಿ ಮೂರು ಸಲ ಫೇಲಾದವನು.

"ಪಂಜಾಬಿ ಯಾರು ಕಲಿಸಿದರೋ ನಿನಗೆ?"

"ಯಾರ್ ಕಲಿಸ್ತಾರ ಬಿಡ್ರಿ ಸಾರ್. ವರ್ಷಕ್ಕ ಎರಡು ಸುಗ್ಗಿ ಇವರ ಜೊತಿಗೆ ಮಿಷನ್ ಮ್ಯಾಲ ಕುಂದರ್ತೀನಿ. ಅವರು ಮಾತಾಡ್ತಿರ್ತಾರ, ನಾ ಕೇಳ್ತಿರ್ತೀನಿ. ಒಂದಿನ ನೋಡಿದ್ರ ಬಾಯಾಗ ಬಂದುಬಿಟ್ಟಿತ್ತು."

"ಹಾಗಾದರೆ ಇಂಗ್ಲಿಷ್ ಯಾಕೆ ಬರಲಿಲ್ಲ?"

ಆತ ನಿಜವಾಗಿಯೂ ಯೋಚಿಸಿದ. ಕುಹಕ ಅವನ ಸ್ವಭಾವದಲ್ಲೇ ಇಲ್ಲ.

"ಅದೂ ಬರ್ತಿತ್ತು ಸಾರ್. ನೀವು ಒಂದಿನಾನೂ ಮಾತಾಡ್ಲಿಲ್ಲಲ್ರಿ."

ಏಳು ವಿಭಕ್ತಿ, ಒಂದು ಲೋಟ ನೀರು

ಹೌದು, ಮೂವತ್ತೆರಡು ವರ್ಷವೂ ನಾನು ಇಂಗ್ಲಿಷನ್ನು ಕನ್ನಡದಲ್ಲಿ ಕಲಿಸಿದ್ದೆ. ಆ ಪಾಪ ಕಳೆಯಲು ಒಬ್ಬನಾದರೂ ನನ್ನಿಂದ ಕಲಿತು ಬಾಯಿಬಿಟ್ಟು ಮಾತಾಡಬೇಕು ಎಂದು ಹಂಬಲಿಸುತ್ತಿದ್ದಾಗ ಜಾರ್ಖಂಡಿನ ಒಬ್ಬ ತರುಣ ಇಂಜಿನಿಯರ್ ಮನೆಗೆ ಬಂದ. ಕುಡತಿನಿ ಕಡೆಯ ಕಾರ್ಖಾನೆಯೊಂದರಲ್ಲಿ ಕೆಲಸ, ಕುರುಗೋಡಿನಲ್ಲಿ ಬಾಡಿಗೆ ಕೋಣೆ. ಐದು ತಿಂಗಳೊಳಗೆ ಕನ್ನಡದ ಮೌಖಿಕ ಪರೀಕ್ಷೆ ಪಾಸಾಗದಿದ್ದರೆ ಕೆಲಸ ಕಾಯಂ ಆಗುವುದಿಲ್ಲ, ಪೆಟ್ಟಿಗೆ ಕಟ್ಟಬೇಕು. ಅವನ ತಾಯಿ ಆಗಲೇ ಕೇರಿಗೆಲ್ಲ ಸಿಹಿ ಹಂಚಿಬಿಟ್ಟಿದ್ದರಂತೆ.

ಪ್ರತಿ ಭಾನುವಾರ ಬಂದ. ನಾನು ಕನ್ನಡವನ್ನು ಇಂಗ್ಲಿಷಿನಲ್ಲಿ ಕಲಿಸಿದೆ. ಏಳೂ ವಿಭಕ್ತಿಗಳನ್ನು ಅವನು ಮಂತ್ರದಂತೆ ಒಪ್ಪಿಸುತ್ತಿದ್ದ. ನನಗೆ ಕಣ್ಣು ತುಂಬಿ ಬರುತ್ತಿತ್ತು.

ಮೂರನೇ ತಿಂಗಳು, ಒಂದು ಬಿಸಿಲಿನ ಮಧ್ಯಾಹ್ನ ಅವನಿಗೆ ಬಾಯಾರಿತು. ನನ್ನ ಹೆಂಡತಿಯ ಕಡೆ ತಿರುಗಿ "ನೀರು..." ಎಂದ. ಆಮೇಲೆ ನೋಟ್‌ಬುಕ್ ತೆಗೆದು ಯಾವ ವಿಭಕ್ತಿ ಎಂದು ಹುಡುಕತೊಡಗಿದ. ಆಕೆ ನೀರು ತಂದಳು, ಅವನು ಕುಡಿದ, ಲೋಟ ಒಳಗೆ ಹೋಯಿತು. ಅವನು ಇನ್ನೂ ಹುಡುಕುತ್ತಲೇ ಇದ್ದ.

ಅವನು ಹೋದ ಮೇಲೆ ಹೆಂಡತಿ ಹೇಳಿದಳು: "ಏನ್ರಿ, ಮುಂದಿನ ವಾರ ಬಂದ್ರ ಬಾಗಿಲದಾಗ ನೀರು ಕೊಟ್ಟುಬಿಡ್ರಿ. ಅವ ಕೇಳಿ ಕುಡಿಯೋದ್ರಾಗ ಜೀವ ಹೋಗ್ತೈತಿ."

ಮುಂದಿನ ವಾರದಿಂದ ಅವನು ಬರಲೇ ಇಲ್ಲ.

ಕಿವಿಯ ಕೆಲಸ

ಪರೀಕ್ಷೆಗೆ ಎರಡು ವಾರ ಉಳಿದಾಗ ನಾನೇ ಕುರುಗೋಡಿಗೆ ಹೋದೆ. ಮಧ್ಯಾಹ್ನ ಮೂರು ಗಂಟೆ. ನಮ್ಮ ಇಂಜಿನಿಯರ್ ಬೆಳಗಿನ ಪಾಳಿ ಮುಗಿಸಿ ಪಡಸಾಲೆಯ ಮಂಚದ ಮೇಲೆ ಕಣ್ಣುಮುಚ್ಚಿ ಮಲಗಿದ್ದ. ನೋಟ್‌ಬುಕ್ಕನ್ನು ಮಂಚದ ಕಾಲಿನ ಕೆಳಗೆ ಕೊಟ್ಟಿದ್ದ, ಅಲುಗಾಡಬಾರದೆಂದು.

ಪಕ್ಕದಲ್ಲೇ ಮನೆಯೊಡತಿ, ಅರವತ್ತೈದರ ಆಸುಪಾಸಿನ ಹೆಂಗಸು, ಸಿರುಗುಪ್ಪದ ತಂಗಿಯ ಜೊತೆ ಫೋನಿನಲ್ಲಿದ್ದರು. ಕಿವಿ ಮಂದವಾದ್ದರಿಂದ ಸ್ಪೀಕರ್ ಹಾಕಿಕೊಂಡಿದ್ದರು. ಸೊಸೆ ಬಾದನಹಟ್ಟಿಯ ಶಾಲೆಯಲ್ಲಿ ಟೀಚರ್. ಐದಕ್ಕೆ ಮನೆಗೆ ಬರುತ್ತಾಳೆ. ಆಕೆಯ ವಿಚಾರ ಮಾತಾಡಲು ದಿನವೂ ಎರಡು ತಾಸು ಸಿಗುತ್ತಿತ್ತು. ಒಂದು ದಿನವನ್ನೂ ಅವರು ವ್ಯರ್ಥ ಮಾಡಿದವರಲ್ಲ.

ನನಗೆ ಚಹಾ ಕೊಟ್ಟು ಮತ್ತೆ ಫೋನಿಗೆ ಕೂತರು. "ಕುಕ್ಕರ್ ಸುಟ್ಟಾಗ ಆಕಿ ನನಗ ಏನಂದ್ಲು ಗೊತ್ತೇನ? ಅಂದ್ಲು... ಅಯ್ಯ, ಏನಂದ್ಲವ್ವಾ ಆಕಿ... ನೆನಪ ಹೊಂಟೈತಿ ನೋಡು..."

ಮಂಚದ ಮೇಲಿಂದ, ಕಣ್ಣು ತೆರೆಯದೆ, ಒಂದು ದನಿ ಬಂತು: "'ನಿಮ್ಮ ಕಾಲದಾಗ ನಡೀತಿತ್ತು ಅತ್ತಿ, ಈಗ ನಡಿಯಂಗಿಲ್ಲ' ಅಂದ್ಲು."

"ಹಾಂ! ಹಂಗ ಅಂದ್ಲು ನೋಡು!"

ನನ್ನ ಕೈಯಲ್ಲಿನ ಕಪ್ಪಿನಿಂದ ಚಹಾ ಬಸಿಗೆ ಚೆಲ್ಲಿತು. ಮಾತು ಮಾತ್ರವಲ್ಲ, ಸೊಸೆ ಕತ್ತು ಕೊಂಕಿಸಿದ್ದೂ ಅದರಲ್ಲಿತ್ತು. ಒಂದು ವಿಭಕ್ತಿಯೂ ತಪ್ಪಿರಲಿಲ್ಲ. ನಾನು ಗಂಟಲು ಹರಿದುಕೊಂಡು ತುಂಬಲಾಗದ್ದು, ಯಾರೂ ತುಂಬದೆ, ನಳ ಬಿಟ್ಟ ತೊಟ್ಟಿಯ ಹಾಗೆ ತಾನೇ ತುಂಬಿ, ಈಗ ಅಂಚು ದಾಟಿ ಹರಿದಿತ್ತು. ಗುಡಿಯಲ್ಲಿ ನಿಂತ ಹಾಗೆ ಎದ್ದು ನಿಂತೆ.

ಫೋನಿನೊಳಗಿನ ತಂಗಿ ಕೇಳಿದಳು: "ಅಕ್ಕಾ, ಅದ್ಯಾರು ಮಾತಾಡಿದ್ದು?"

"ನಮ್ಮ ಮನಿಯಾಗ ಬಾಡಿಗಿಗೆ ಅದಾನಲ್ಲ, ಆ ಹುಡುಗ. ಪಾಪ, ಕನ್ನಡ ಬರಂಗಿಲ್ಲ."

ಮೌಖಿಕ ಪರೀಕ್ಷೆ

ಪರೀಕ್ಷೆ ಬಳ್ಳಾರಿಯಲ್ಲಿ. ನಾನೂ ಹೋಗಿ ತೆರೆದ ಬಾಗಿಲ ಬಳಿಯ ಬೆಂಚಿನ ಮೇಲೆ ಕೂತೆ. ಒಳಗೆ ಇಬ್ಬರು ಅಧಿಕಾರಿಗಳು, ನಡುವೆ ನಿವೃತ್ತಿಗೆ ಹತ್ತಿರವಾದ ಒಬ್ಬ ಮೇಡಂ. ನಮ್ಮ ಇಂಜಿನಿಯರಿಗಿಂತ ಮುಂಚೆ ಹೋದ ನಾಲ್ವರೂ ಕೆಂಪು ಮುಖ ಮಾಡಿಕೊಂಡು ಹೊರಬಂದಿದ್ದರು. ಇವನ ಸರದಿ ಬಂತು.

ಕೊರಳಲ್ಲಿ ಗುರುತಿನ ಚೀಟಿ, ತೆಳುವಾದ ಮೀಸೆ. ಕೈಮುಗಿದು ಕೂತ.

"ನಿಮ್ಮ ದಿನಚರಿ ಹೇಳಿ," ಎಂದರು ಮೇಡಂ.

"ಎಂಥಾ ದಿನಚರಿ ಬಿಡ್ರಿ ಯವ್ವಾ," ಎಂದು ಅವನು ನಿಟ್ಟುಸಿರು ಬಿಟ್ಟ. "ಮುಂಜಾನಿ ಎದ್ದರ ಮೊಣಕಾಲ ಹಿಡ್ಕಂತಾವ. ನಳ ಬರ್ತೈತೋ ಇಲ್ಲೋ ಅಂತ ಕೊಡ ಹಿಡಕೊಂಡು ಕುಂದರೋದ ಆತು."

ಒಬ್ಬ ಅಧಿಕಾರಿ ಪೆನ್ನು ಕೆಳಗಿಟ್ಟರು.

"ಮನೆಯಲ್ಲಿ ಯಾರ್ಯಾರಿದ್ದಾರೆ?"

"ಸೊಸಿ ಒಬ್ಬಾಕಿ ಅದಾಳ." ಸ್ವಲ್ಪ ತಡೆದ. "ಅದಾಳ ಅಂದ್ರ ಅದಾಳ, ಅಷ್ಟ."

ಇನ್ನೊಬ್ಬ ಅಧಿಕಾರಿ ಅರ್ಜಿಯಲ್ಲಿ ಅವನ ವಯಸ್ಸನ್ನು ಮತ್ತೊಮ್ಮೆ ನೋಡಿದರು. ಇಪ್ಪತ್ತೈದು. ಅವಿವಾಹಿತ.

ಕನ್ನಡದಲ್ಲಿ ಮನೆಯ ಬಗ್ಗೆ ಯಾರಾದರೂ ಕೇಳಿದರೆ ಹೇಳುವುದು ಇದನ್ನೇ ಎಂದು ಅವನು ತಿಳಿದಿದ್ದ. ಬೇರೆ ರೀತಿ ಹೇಳಿದ್ದನ್ನು ಅವನು ಕೇಳಿಯೇ ಇರಲಿಲ್ಲ. ಅವನ ತಾಯಿ ಹಂಚಿದ ಸಿಹಿಯೆಲ್ಲ ಕಣ್ಣೆದುರು ಬಂತು.

ಮೇಡಂ ಕನ್ನಡಕ ತೆಗೆದರು. ಪುಸ್ತಕದ ಭಾಷೆಯನ್ನೂ ಜೊತೆಗೇ ತೆಗೆದಿಟ್ಟರು.

"ಮತ್ತ ಮಗ ಏನೂ ಅನ್ನಂಗಿಲ್ಲೇನು?"

"ಅವ ಏನಂತಾನ್ರಿ? ಆಕಿ ಕಡಿನ ಮಾತಾಡ್ತಾನ. ಹಡದಾಕಿ ನಾನು, ಯಾರಿಗೆ ಹೇಳ್ಲಿ?"

"ನಮ್ಮ ಮನಿಯಾಗೂ ಹಂಗ ಐತಿ," ಎಂದರು ಮೇಡಂ, ಕುರ್ಚಿ ಹತ್ತಿರ ಎಳೆದುಕೊಂಡು.

ಐದು ನಿಮಿಷದ ಪರೀಕ್ಷೆ ಮುಕ್ಕಾಲು ತಾಸು ನಡೆಯಿತು. ಅಧಿಕಾರಿಗಳಿಬ್ಬರೂ ಚಹಾ ಕುಡಿದು ಬಂದರು. ಕೊನೆಗೆ ಮೇಡಂ ಕಣ್ಣೊರೆಸಿಕೊಂಡು 'ಉತ್ತೀರ್ಣ' ಎಂದು ಬರೆದು, ಅವನನ್ನು ಬಾಗಿಲವರೆಗೂ ಕಳಿಸಲು ಬಂದರು.

"ಇಷ್ಟು ಚಂದ ಕನ್ನಡ ನಿಮಗ ಯಾರು ಕಲಿಸಿದ್ರು?"

ಒಳ್ಳೆಯ ಸಂಸ್ಕಾರದ ಹುಡುಗ. ನೇರವಾಗಿ ಬಂದು ನನ್ನ ಕಾಲು ಮುಟ್ಟಿದ. "ಇವರ್ರಿ. ನಮ್ಮ ಗುರುಗಳು."

ಮೇಡಂ ನನ್ನನ್ನು ಮೇಲಿಂದ ಕೆಳಗೆ ನೋಡಿದರು. ಅವರ ಮುಖದಲ್ಲಿ ಅಪಾರ ಕರುಣೆ ಮೂಡಿತು.

"ಅಷ್ಟು ಕಾಡ್ತಾಳೇನ್ರಿ ಮಾಸ್ತರ್ರ, ನಿಮ್ಮ ಸೊಸಿ?"

ನಿಜ ಹೇಳಬಹುದಿತ್ತು. ಆದರೆ ಶಿಷ್ಯನೊಬ್ಬ ಬಾಯಿಬಿಟ್ಟು ಮಾತಾಡಲಿ ಎಂದು ನಾನು ಕಾದಿದ್ದು ಮೂವತ್ತೆರಡು ವರ್ಷ.

"ಭಾಳ ಕಾಡ್ತಾಳ್ರಿ ಮೇಡಂ," ಎಂದು ತಲೆ ತಗ್ಗಿಸಿದೆ.

ನನಗೆ ಗಂಡುಮಕ್ಕಳೇ ಇಲ್ಲ.