ಶಾಲುಬಾಯಿಯ ಒಣಮೀನಿನ ಗಂಟು

ಬಸ್ಸು ಭಾಲ್ಕಿ ದಾಟುವ ಮೊದಲೇ ಅನುಸೂಯಾಬಾಯಿ ಸೆರಗಿನಿಂದ ಮೂಗು ಮುಚ್ಚಿಕೊಂಡಳು.

"ಕಂಡಕ್ಟರ್ ಸಾಬ್, ಬಸ್ಸಿನ್ಯಾಗ ಏನೋ ಸತ್ತದ ನೋಡ್ರಿ!"

ಸತ್ತದ್ದು ನಿಜ. ಆದರೆ ಮಲ್ಪೆಯ ಕಡಲಿನಲ್ಲಿ, ಎಂದೋ. ಈಗ ಅದು ಒಣಮೀನಾಗಿ ಶಾಲುಬಾಯಿಯ ಕಾಲ ಬಳಿಯ ಗಂಟಿನಲ್ಲಿತ್ತು.

ಮಳೆ ಕೈಕೊಟ್ಟ ವರ್ಷ ಕೂಸನ್ನು ಅತ್ತೆಯ ಬಳಿ ಬಿಟ್ಟು, ಠಾಣಾ ಕುಶನೂರಿನಿಂದ ಮಲ್ಪೆ ಬಂದರಿಗೆ ದುಡಿಯಲು ಹೋದವಳು ಶಾಲುಬಾಯಿ. ಮೀನು ಹೊತ್ತು, ಸೀಳಿ, ಉಪ್ಪು ಸವರಿ ಅವಳ ಅಂಗೈ ಬಿರಿದಿತ್ತು. ಊರಿಗೆ ಹೊರಟಾಗ ಬಂದರಿನ ಜಲಜಕ್ಕ ಈ ಗಂಟು ಕೊಟ್ಟಿದ್ದಳು. "ನಿಮ್ಮೂರ ಸಂತೆಯಲ್ಲಿ ಮಾರಿ ನೋಡು ಮಾರಾಯ್ತಿ. ವ್ಯಾಪಾರ ಆದ್ರೆ ಇಲ್ಲಿಂದ ಕಳಿಸ್ತಾ ಇರ್ತೇನೆ, ಮಗುವನ್ನು ಬಿಟ್ಟು ನೀನು ಮತ್ತೆ ಬರುವುದು ಬೇಡ. ಯಾರಾದ್ರೂ ಮೂಗು ಮುಚ್ಚಿದ್ರೆ ನೀನು ಬಾಯಿ ತೆರಿ."

ಶಾಲುಬಾಯಿ ಬಾಯಿ ತೆರೆದಳು. "ಅನುಸೂಯಕ್ಕ, ಎದುರು ಮನಿಯಾಕಿ ನೀ. ಹ್ಯಾಂಗಿದ್ದಿ ಅಂತ ಒಂದು ಮಾತು ಕೇಳಲಿಲ್ಲ, ಮೂಗು ಮುಚ್ಚಿದಿ!"

"ನಿನಗಿಂತ ಮೊದಲು ನಿನ್ನ ವಾಸನಿನೇ ಬಂದು ಮಾತಾಡಿಸ್ತಲ್ಲ!"

ಬಸ್ಸೆಲ್ಲ ನಕ್ಕಿತು. ಕಂಡಕ್ಟರ್ ಧೊಂಡಿಬಾ ಗಂಟನ್ನು ಬಸ್ಸಿನ ನೆತ್ತಿಗೆ ಏರಿಸಿದ. ಆದರೂ, ಭಾಲ್ಕಿ ದಾಟಿ ಊರು ಎರಡು ಹರದಾರಿ ಉಳಿದಾಗಲೂ ಅನುಸೂಯಾಬಾಯಿ ಸೆರಗು ಇಳಿಸಲಿಲ್ಲ.

"ಈಗ ಆಕಿ ಮೈಯಿಂದ ಬರ್ಲಿಕತ್ತದ ರೀ."

ಶಾಲುಬಾಯಿ ಕಾದ ಎಣ್ಣೆಗೆ ಬಿದ್ದ ಸಾಸಿವೆಯಂತೆ ಸಿಡಿದಳು. "ಬರ್ತದ! ದುಡಿದ ಮೈ, ಬರ್ತದ! ಹೊಲ ಒಣಗಿದಾಗ ಈ ವಾಸನಿನೇ ನನ್ನ ಕೂಸಿಗಿ ಉಣಿಸೇದ. ನಿಲ್ಲಿಸ್ರಿ ಬಸ್ಸು! ಈಕಿ ಬಾಜೂಕ ಕೂಡೂದಕ್ಕಿಂತ ನಡಕೊಂಡು ಹೋಗ್ತೇನಿ."

ದಡಬಡ ಇಳಿದಳು. ಗಂಟು ಇಳಿಸಿಕೊಳ್ಳಲು ಹಿಂದಿನ ಏಣಿಗೆ ಕೈ ಹಾಕುವಷ್ಟರಲ್ಲಿ ಧೊಂಡಿಬಾ ಸೀಟಿ ಊದಿಬಿಟ್ಟ. ಬಂದರಿನಲ್ಲಿ ಕಲಿತ ಬೈಗುಳವನ್ನೆಲ್ಲ ಬಸ್ಸಿನ ಧೂಳು ಕೇಳಿಸಿಕೊಂಡಿತು.

ಕಾಲೆಳೆಯುತ್ತ ಊರು ಮುಟ್ಟಿದಾಗ ಹೊತ್ತು ಮುಳುಗುತ್ತಿತ್ತು. ಓಣಿ ತುಂಬ ಹುರಿದ ಮೀನಿನ ಘಮ. ಅತ್ತೆ ಕೇಶರಬಾಯಿ ಹಿಗ್ಗುತ್ತ ಬಾಗಿಲಿಗೆ ಬಂದಳು. ಅವಳ ಸೊಂಟದ ಮೇಲಿದ್ದ ಕೂಸು ತಾಯಿಯ ಗುರುತು ಸಿಗದೆ ಮುಖ ಹೊರಳಿಸಿತು.

"ಬಾ ಯವ್ವಾ! ಅನುಸೂಯಾಬಾಯಿನೇ ನಿನ್ನ ಗಂಟು ಹೊತ್ತು ತಂದು ಕೊಟ್ಟಳು. ಸೊಸಿ ಸಮುದ್ರದಿಂದ ತಂದಾಳ ಅಂತ ಓಣಿಗೆಲ್ಲ ಹಂಚೀನಿ. ಒಂದೂ ಉಳೀಲಿಲ್ಲ ನೋಡು!"

"ಅತ್ತೀ, ಅದು ಮಾರ್ಲಿಕ್ಕ ತಂದಿದ್ದು!" ಶಾಲುಬಾಯಿ ಬರಿದಾದ ಬಟ್ಟೆಯನ್ನು ಕಿತ್ತುಕೊಂಡು ಕೊಡವಿದಳು. ಉಪ್ಪಷ್ಟೇ ಉದುರಿತು.

ಎದುರು ಕಟ್ಟೆಯ ಮೇಲೆ ಅನುಸೂಯಾಬಾಯಿ ಮುಳ್ಳು ಚೀಪುತ್ತ ಕುಳಿತಿದ್ದಳು.

"ಸಿಟ್ಟಾಗಬ್ಯಾಡ ತಂಗಿ, ಭಾಳ ರುಚಿ ಅದ. ಮತ್ತ ಯಾವಾಗ ಹೊಂಟಿ ಮಲ್ಪೆಗಿ?"